ಅಸಹಜ ಸಾವಿನ ತನಿಖೆಯನ್ನು ನ್ಯಾಯಾಲಯದ ಮುಂದೆ ತರುವುದು ಹೇಗೆ: ಕರಾವಳಿಯ ಕುಟುಂಬಗಳಿಗೊಂದು ಸಮಗ್ರ ಮಾರ್ಗದರ್ಶಿ

ದಕ್ಷಿಣ ಕನ್ನಡದಲ್ಲಾಗಲಿ ಉಡುಪಿಯಲ್ಲಾಗಲಿ ಅನುಮಾನಾಸ್ಪದ ಸಾವೊಂದು ಠಾಣೆಯಲ್ಲಿ ದಾಖಲಾದಾಗ ಮನೆಯವರ ಕೈಗೆ ಒಂದು ಸಂಖ್ಯೆ ಬರುತ್ತದೆ. ‘ಕೇಸ್ ಆಗಿದೆ’ ಎಂಬ ಮಾತಿಗೆ ಸಮಾಧಾನಪಟ್ಟು, ಆ ಸಂಖ್ಯೆಯ ಹಿಂದೆ ಯುಡಿಆರ್ (ಅಸಹಜ ಸಾವಿನ ವರದಿ) ಎಂದಿದೆಯೋ ಅಪರಾಧ ಸಂಖ್ಯೆ ಎಂದಿದೆಯೋ ಎಂದು ನೋಡದೆಯೇ ಅವರು ಅಂತ್ಯಕ್ರಿಯೆಗೆ, ಆಮೇಲೆ ಬೊಜ್ಜಕ್ಕೆ (ಉತ್ತರಕ್ರಿಯೆಗೆ) ಓಡಾಡತೊಡಗುತ್ತಾರೆ. ತಿಂಗಳುಗಳು ಕಳೆದ ಮೇಲೆ ವಕೀಲರ ಬಳಿಗೆ ಬಂದು ‘ಕೋರ್ಟಿನಿಂದ ಏನೂ ಆಗಲಿಲ್ಲ’ ಎಂದು ಬೇಸರಿಸುವವರಲ್ಲಿ ಎಷ್ಟೋ ಮಂದಿಯ ಕಡತ ಅಷ್ಟರವರೆಗೂ ನ್ಯಾಯಾಲಯದ ಮೆಟ್ಟಿಲನ್ನೇ ಹತ್ತಿರುವುದಿಲ್ಲ. ಕಾನೂನು ನ್ಯಾಯಾಲಯಕ್ಕೆ ತನಿಖೆಯ ಮೇಲೆ ಸಾಕಷ್ಟು ಹಿಡಿತವನ್ನು ಕೊಟ್ಟಿದೆ. ಆದರೆ ಆ ಹಿಡಿತ ಶುರುವಾಗುವುದು ಎಫ್‌ಐಆರ್ ದಾಖಲಾದ ಮೇಲೆ ಅಥವಾ ಯಾರಾದರೂ ಅರ್ಜಿ ಹಿಡಿದು ಮ್ಯಾಜಿಸ್ಟ್ರೇಟರ ಮುಂದೆ ನಿಂತ ಮೇಲೆ. ಅಲ್ಲಿಯವರೆಗೆ ಮಾಡಬೇಕಾದದ್ದೇನು, ಅಲ್ಲಿಂದ ಮುಂದೆ ಕೇಳಬಹುದಾದದ್ದೇನು ಎಂಬುದನ್ನು ಕ್ರಮವಾಗಿ ವಿವರಿಸುವುದು ಈ ಬರಹದ ಉದ್ದೇಶ.

ಮೊದಲನೆಯದಾಗಿ, ಕಡತ ಯಾವ ದಾರಿಯಲ್ಲಿದೆ ಎಂದು ತಿಳಿದುಕೊಳ್ಳಿ

ಆತ್ಮಹತ್ಯೆ, ಅಪಘಾತ, ನೀರುಪಾಲು, ವಿಷಪ್ರಾಶನ ಅಥವಾ ಅನುಮಾನಕ್ಕೆ ಎಡೆಗೊಡುವ ಯಾವುದೇ ಸಾವಿನ ಮಾಹಿತಿ ಬಂದಾಗ ಪೊಲೀಸರು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 194ನೇ ಕಲಮಿನ ಅಡಿ ಅಸಹಜ ಸಾವಿನ ವರದಿಯನ್ನು ದಾಖಲಿಸುತ್ತಾರೆ. 2024ರ ಜುಲೈ 1ರವರೆಗೆ ಇದು 1973ರ ದಂಡ ಪ್ರಕ್ರಿಯಾ ಸಂಹಿತೆಯ 174ನೇ ಕಲಮಾಗಿತ್ತು; ಠಾಣೆಗಳಲ್ಲಿ ಹಳೆಯ ಸಂಖ್ಯೆಗಳು ಇಂದಿಗೂ ಬಾಯಿಯ ಮೇಲಿರುವುದರಿಂದ ಎರಡನ್ನೂ ನೆನಪಿಟ್ಟುಕೊಳ್ಳುವುದು ಒಳ್ಳೆಯದು. ಠಾಣಾಧಿಕಾರಿಯು ಸಮೀಪದ ಕಾರ್ಯನಿರ್ವಾಹಕ ದಂಡಾಧಿಕಾರಿಗೆ ತಿಳಿಸಿ, ಶವವಿರುವಲ್ಲಿಗೆ ಹೋಗಿ, ನೆರೆಕರೆಯ ಕನಿಷ್ಠ ಇಬ್ಬರು ಗೌರವಸ್ಥರ ಸಮ್ಮುಖದಲ್ಲಿ ಶವ ಮಹಜರು ನಡೆಸಿ, ಮೈಮೇಲಿನ ಗಾಯ, ಮೂಳೆಮುರಿತ, ತರಚು, ಬಾವುಗಳನ್ನು ವಿವರಿಸಿ ಸಾವಿನ ಮೇಲುನೋಟದ ಕಾರಣವನ್ನು ಬರೆಯಬೇಕು. ಆ ವರದಿ 24 ಗಂಟೆಗಳೊಳಗೆ ಜಿಲ್ಲಾ ದಂಡಾಧಿಕಾರಿಗೆ ಅಥವಾ ಉಪವಿಭಾಗ ದಂಡಾಧಿಕಾರಿಗೆ ಹೋಗಬೇಕು ಎಂಬ ಗಡುವನ್ನು ಹೊಸ ಸಂಹಿತೆ ಸೇರಿಸಿದೆ. ನಮ್ಮ ಕಡೆಯ ಲೆಕ್ಕದಲ್ಲಿ ಉಪವಿಭಾಗ ದಂಡಾಧಿಕಾರಿ ಎಂದರೆ ಮಂಗಳೂರು, ಪುತ್ತೂರು ಅಥವಾ ಕುಂದಾಪುರದ ಸಹಾಯಕ ಆಯುಕ್ತರು, ಅಂದರೆ ಜನರ ಮಾತಿನ ಎ.ಸಿ.

ಇಲ್ಲಿ ಗಮನಿಸಬೇಕಾದದ್ದೆಂದರೆ, ಈ ಇಡೀ ಪ್ರಯಾಣದಲ್ಲಿ ಜೆಎಂಎಫ್‌ಸಿ (ಪ್ರಥಮ ದರ್ಜೆ ನ್ಯಾಯಿಕ ಮ್ಯಾಜಿಸ್ಟ್ರೇಟರ) ನ್ಯಾಯಾಲಯ ಎಲ್ಲಿಯೂ ಬರುವುದಿಲ್ಲ. ಯುಡಿಆರ್ ಕಡತ ಕಂದಾಯ ಇಲಾಖೆಯ ಅಧಿಕಾರಿಯ ಮೇಜಿನಲ್ಲಿ ಮುಕ್ತಾಯವಾಗಬಹುದು. ಶವ ಮಹಜರಿನ ವ್ಯಾಪ್ತಿಯೂ ಕಿರಿದು: ಸಾವು ಹೇಗಾಯಿತು ಎಂಬುದನ್ನು ಮೇಲುನೋಟಕ್ಕೆ ಗುರುತಿಸುವುದಷ್ಟೇ ಅದರ ಕೆಲಸ, ಯಾರು ಹೊಡೆದರು, ಯಾಕೆ ಹೊಡೆದರು ಎಂಬ ವಿವರ ಅದರಲ್ಲಿ ಇರಬೇಕಾಗಿಲ್ಲ ಎಂದು ಸುಪ್ರೀಂ ಕೋರ್ಟ್ 1975ರ ಪೆದ್ದ ನಾರಾಯಣ ಪ್ರಕರಣದಿಂದಲೂ ಹೇಳುತ್ತಾ ಬಂದಿದೆ. ಎಫ್‌ಐಆರ್‌ನ ಹಾದಿ ಬೇರೆ. ಅದು ದಾಖಲಾದ ಕೂಡಲೇ ಅದರ ಪ್ರತಿ ಮ್ಯಾಜಿಸ್ಟ್ರೇಟರಿಗೆ ಹೋಗಬೇಕು, ತನಿಖೆಯ ಕೊನೆಗೆ ಅಂತಿಮ ವರದಿಯನ್ನು ಅವರ ಮುಂದೆಯೇ ಇಡಬೇಕು.

ಈ ವ್ಯತ್ಯಾಸ ಎಷ್ಟು ದುಬಾರಿಯಾಗಬಲ್ಲದು ಎಂಬುದಕ್ಕೆ ನಮ್ಮ ಜಿಲ್ಲೆಯೇ ಉದಾಹರಣೆ ಕೊಟ್ಟಿದೆ. ‘ಸೈನೈಡ್ ಮೋಹನ್’ ಎಂದು ಕುಖ್ಯಾತನಾದ ಬಂಟ್ವಾಳ ತಾಲೂಕಿನ ಮಾಜಿ ಶಿಕ್ಷಕ 20 ಮಹಿಳೆಯರ ಸಾವಿನ ಪ್ರಕರಣಗಳನ್ನು ಎದುರಿಸಿದ. ಆ ಶವಗಳು ಮೈಸೂರು, ಮಡಿಕೇರಿ, ಹಾಸನ ಮುಂತಾದ ಊರುಗಳ ಬಸ್ ನಿಲ್ದಾಣಗಳ ಶೌಚಾಲಯಗಳಲ್ಲಿ ಸಿಕ್ಕಿದ್ದವು, ಅಲ್ಲಲ್ಲಿನ ಠಾಣೆಗಳಲ್ಲಿ ಅಸಹಜ ಸಾವುಗಳಾಗಿ ಬಿಡಿಬಿಡಿಯಾಗಿ ದಾಖಲಾಗಿದ್ದವು. 2009ರಲ್ಲಿ ಬಂಟ್ವಾಳದ ಯುವತಿಯೊಬ್ಬಳ ನಾಪತ್ತೆ ದೂರಿನ ಬೆನ್ನುಹತ್ತಿ ಪೊಲೀಸರು ಆತನನ್ನು ಬಂಧಿಸುವವರೆಗೆ ಈ ಕಡತಗಳನ್ನು ಒಟ್ಟಿಗಿಟ್ಟು ನೋಡಿದವರಿರಲಿಲ್ಲ.

ಆದುದರಿಂದ ಮೊದಲ ದಿನವೇ ಠಾಣೆಯಲ್ಲಿ ಕೇಳಬೇಕಾದ ಪ್ರಶ್ನೆ ಒಂದೇ: ಇದು ಯುಡಿಆರ್ ಆಗಿಯೇ ಇದೆಯೇ, ಎಫ್‌ಐಆರ್ ಆಗಿದೆಯೇ? ಎಫ್‌ಐಆರ್ ಆಗಿದ್ದರೆ ಅದರ ಪ್ರತಿಯನ್ನು ದೂರುದಾರರಿಗೆ ಅಥವಾ ಸಂತ್ರಸ್ತರಿಗೆ ಉಚಿತವಾಗಿ ಕೊಡಬೇಕೆಂದು ಹೊಸ ಸಂಹಿತೆಯ 173ನೇ ಕಲಂ ಹೇಳುತ್ತದೆ. ಮೃತರ ಪೋಷಕರು, ಕಾನೂನುಬದ್ಧ ವಾರಸುದಾರರು ‘ಸಂತ್ರಸ್ತ’ ಎಂಬ ಪದದ ವ್ಯಾಖ್ಯೆಯೊಳಗೆ ಬರುತ್ತಾರೆ.

ಶವ ಮನೆಗೆ ಬರುವ ಮುನ್ನ

ಯಾವ ನ್ಯಾಯಾಲಯವೂ ಬೂದಿಯಾದ ಶವವನ್ನು ಮತ್ತೆ ಪರೀಕ್ಷಿಸಲಾರದು. ಈ ಮಾತು ಕಟುವಾಗಿ ಕೇಳಿಸಬಹುದು, ಆದರೆ ಈ ಮಾರ್ಗದರ್ಶಿಯಲ್ಲಿ ಒಂದೇ ಭಾಗವನ್ನು ಓದುವುದಿದ್ದರೆ ಇದನ್ನೇ ಓದಬೇಕೆಂದು ಹೇಳುತ್ತೇನೆ.

ಶವ ಮಹಜರಿನ ವೇಳೆ ಹತ್ತಿರದ ಸಂಬಂಧಿಕರೊಬ್ಬರು ಸ್ಥಳದಲ್ಲಿರಬೇಕು. ತಂದೆತಾಯಿ ಆ ಸ್ಥಿತಿಯಲ್ಲಿರುವುದಿಲ್ಲವಾದ್ದರಿಂದ ಮಾವನೋ ಭಾವನೋ, ಸ್ವಲ್ಪ ಗಟ್ಟಿ ಮನಸ್ಸಿನವರು ಹೋಗುವುದು ವಾಸಿ. ಪಂಚರು (ಮಹಜರಿನ ಸಾಕ್ಷಿಗಳು) ಯಾರು, ಗಾಯಗಳನ್ನು ಎಣಿಸಿ ಬರೆದರೇ, ಬಟ್ಟೆ, ಚಪ್ಪಲಿ, ಮೊಬೈಲು, ಹಗ್ಗ, ಲೋಟ, ಔಷಧದ ಬಾಟಲಿಗಳನ್ನು ವಶಪಡಿಸಿಕೊಂಡರೇ ಎಂದು ನೋಡಬೇಕು. ನೇಣಿನ ಸಾವಾದರೆ ಗಂಟನ್ನು ಬಿಚ್ಚದೆ, ಗಂಟಿನಿಂದ ದೂರದಲ್ಲಿ ಹಗ್ಗವನ್ನು ಕತ್ತರಿಸಿ ಇಡುವುದು ವಿಧಿವಿಜ್ಞಾನದ ಸಾಮಾನ್ಯ ನಿಯಮ. ಸಂಬಂಧಿಕರ ಹೇಳಿಕೆಯನ್ನು ಬರೆದುಕೊಳ್ಳುವಾಗ ‘ಈ ಸಾವಿನ ಬಗ್ಗೆ ಯಾವುದೇ ಸಂಶಯವಿಲ್ಲ’ ಎಂಬ ಸಾಲು ಸೇರಿಕೊಳ್ಳುವುದುಂಟು. ಶವ ಬೇಗ ಸಿಗಲಿ ಎಂಬ ಆತುರದಲ್ಲಿ ಹಾಕಿದ ಆ ಸಹಿಯೇ ವರ್ಷಗಳ ನಂತರ ಎದುರು ಪಕ್ಷದ ವಕೀಲರ ಕೈಯಲ್ಲಿ ಮೊದಲ ದಾಖಲೆಯಾಗುತ್ತದೆ. ಸಂಶಯವಿದ್ದರೆ ಇದೆ ಎಂದೇ ಬರೆಸಬೇಕು; ಯಾರ ಮೇಲೆ ಎಂದು ಗೊತ್ತಿಲ್ಲದಿದ್ದರೆ ಗೊತ್ತಿಲ್ಲ ಎಂದೂ ಬರೆಸಬಹುದು.

ಸಾವಿನ ಕಾರಣದ ಬಗ್ಗೆ ಸಂಶಯವಿದ್ದಾಗ ಶವವನ್ನು ಮರಣೋತ್ತರ ಪರೀಕ್ಷೆಗೆ ಕಳುಹಿಸಬೇಕೆಂದು 194ನೇ ಕಲಮಿನ 3ನೇ ಉಪಕಲಂ ಹೇಳುತ್ತದೆ. ಮಂಗಳೂರಿನಲ್ಲಿ ವೆನ್ಲಾಕ್, ಉಡುಪಿಯಲ್ಲಿ ಅಜ್ಜರಕಾಡಿನ ಜಿಲ್ಲಾ ಆಸ್ಪತ್ರೆ ಅಥವಾ ಮಣಿಪಾಲದ ಶವಾಗಾರಗಳು ಈ ಭಾಗದವರಿಗೆ ಪರಿಚಿತ. ಸಂಶಯ ಗಂಭೀರವಾಗಿದ್ದರೆ ವಿಧಿವಿಜ್ಞಾನ ತಜ್ಞ ವೈದ್ಯರೇ ಪರೀಕ್ಷೆ ನಡೆಸಲಿ, ಅದರ ವಿಡಿಯೋ ಚಿತ್ರೀಕರಣವಾಗಲಿ, ಒಳಾಂಗಗಳ ಮಾದರಿಯನ್ನು ರಾಸಾಯನಿಕ ಪರೀಕ್ಷೆಗೆ ತೆಗೆದಿಡಲಿ ಎಂದು ತನಿಖಾಧಿಕಾರಿಗೆ ಲಿಖಿತ ಮನವಿ ಕೊಟ್ಟು, ಅದರ ಇನ್ನೊಂದು ಪ್ರತಿಯ ಮೇಲೆ ಸ್ವೀಕೃತಿಯ ಸಹಿ ಪಡೆಯಬೇಕು. ವಿಸೆರಾ ಎಂದು ಎಲ್ಲರೂ ಕರೆಯುವ ಈ ಮಾದರಿಯೊಂದಿಗೆ ರಕ್ತ, ಉಗುರು, ಕೂದಲಿನ ಮಾದರಿಗಳನ್ನೂ ಕೇಳಬಹುದು.

ಕಡಲು, ಹೊಳೆ, ಕೆರೆ, ಬಾವಿಗಳಿರುವ ನಮ್ಮೂರಿನಲ್ಲಿ ‘ನೀರಿಗೆ ಬಿದ್ದು ಸಾವು’ ಎಂಬ ವಾಕ್ಯ ಬಹಳ ಸುಲಭವಾಗಿ ಬರುತ್ತದೆ. ಬದುಕಿರುವಾಗ ನೀರಿಗೆ ಬಿದ್ದರೋ, ಸತ್ತ ಮೇಲೆ ಹಾಕಲಾಯಿತೋ ಎಂಬುದನ್ನು ಅಳೆಯಲು ಡಯಾಟಮ್ ಪರೀಕ್ಷೆ ಒಂದು ಸಹಾಯಕ ಸಾಧನ. ನೀರಿನಲ್ಲಿರುವ ಸೂಕ್ಷ್ಮ ಪಾಚಿಯ ಗಟ್ಟಿ ಕವಚಗಳು ಉಸಿರಿನೊಂದಿಗೆ ಒಳಹೋಗಿ ರಕ್ತದ ಮೂಲಕ ಮೂಳೆಯ ಮಜ್ಜೆಯವರೆಗೆ ತಲುಪಿವೆಯೇ ಎಂದು ಅಲ್ಲಿ ನೋಡಲಾಗುತ್ತದೆ. ಈ ಪರೀಕ್ಷೆಯೇ ಅಂತಿಮವಲ್ಲ, ಆದರೆ ಅದಕ್ಕೆ ಬೆಲೆ ಬರಬೇಕಾದರೆ ಮೂಳೆಯ ಮಾದರಿಯ ಜತೆಗೆ ಸ್ಥಳದ ನೀರಿನ ಮಾದರಿಯೂ ಬೇಕು. ನೇತ್ರಾವತಿಯ ಅಳಿವೆಯಂಥ ಕಡೆ ಭರತ ಇಳಿತಕ್ಕೆ ತಕ್ಕಂತೆ ಸಿಹಿನೀರು ಉಪ್ಪುನೀರಾಗುವುದರಿಂದ, ವಾರದ ನಂತರ ಎಲ್ಲಿಂದಲೋ ತುಂಬಿಸಿದ ಬಾಟಲಿಯಿಂದ ಹೆಚ್ಚು ಪ್ರಯೋಜನವಿಲ್ಲ. ಇಂಥ ನೀರುಪಾಲಿನ ಪ್ರಸಂಗಗಳಲ್ಲಿ ಇನ್ನೊಂದು ತೊಡಕೂ ಇದೆ: ವ್ಯಕ್ತಿ ಕಾಣೆಯಾದದ್ದು ಒಂದು ಠಾಣೆಯ ಸರಹದ್ದಿನಲ್ಲಿ, ಶವ ಸಿಕ್ಕಿದ್ದು ಇನ್ನೊಂದರಲ್ಲಿ. ಅಪರಾಧದ ದೂರನ್ನು ಸರಹದ್ದಿನ ನೆಪ ಹೇಳಿ ಹಿಂದೆ ಕಳುಹಿಸುವಂತಿಲ್ಲ. ಯಾವ ಠಾಣೆಯಾದರೂ ಅದನ್ನು ದಾಖಲಿಸಿ ಸಂಬಂಧಪಟ್ಟ ಠಾಣೆಗೆ ವರ್ಗಾಯಿಸಬೇಕು. ಜನ ಇದನ್ನು ‘ಝೀರೋ ಎಫ್‌ಐಆರ್’ ಎನ್ನುತ್ತಾರೆ.

ಪರೀಕ್ಷೆ ಮುಗಿದ ಮೇಲೂ ಸಂಶಯ ಉಳಿದಿದ್ದರೆ ದಹನದ ಬದಲು ದಫನ ಮಾಡುವ ಬಗ್ಗೆ ಹಿರಿಯರೊಂದಿಗೆ ಮಾತನಾಡಬೇಕು. ಸಂಪ್ರದಾಯದ ಪ್ರಶ್ನೆ ಏಳುತ್ತದೆ ಎಂಬುದು ನಿಜ. ಆದರೆ ಹೂತ ಶವವನ್ನು ಹೊರತೆಗೆಸಿ ಪರೀಕ್ಷಿಸುವ ಅಧಿಕಾರ 196ನೇ ಕಲಮಿನಡಿ ದಂಡಾಧಿಕಾರಿಗೆ ಇದೆ, ಆ ವಿಚಾರಣೆಯ ವೇಳೆ ಸಾಧ್ಯವಾದಲ್ಲೆಲ್ಲ ಸಂಬಂಧಿಕರಿಗೆ ತಿಳಿಸಿ ಹಾಜರಿರಲು ಬಿಡಬೇಕೆಂದೂ ಅದೇ ಕಲಂ ಹೇಳುತ್ತದೆ. 2025ರಲ್ಲಿ ಧರ್ಮಸ್ಥಳದ ಆಸುಪಾಸಿನಲ್ಲಿ ವಿಶೇಷ ತನಿಖಾ ತಂಡ ನೆಲ ಅಗೆಸಿದಾಗ ಪುತ್ತೂರಿನ ಸಹಾಯಕ ಆಯುಕ್ತರು ಸ್ಥಳದಲ್ಲಿದ್ದುದನ್ನು ಜಿಲ್ಲೆಯ ಜನರೆಲ್ಲ ಟಿ.ವಿ.ಯಲ್ಲಿ ನೋಡಿದ್ದಾರೆ.

ದೂರು ಬರೆಯುವ ಕ್ರಮ

ದೂರು ಕಥೆಯಂತೆ ಉದ್ದವಾಗುವ ಅಗತ್ಯವಿಲ್ಲ. ಮೃತರನ್ನು ಕೊನೆಯದಾಗಿ ಯಾರು, ಯಾವಾಗ, ಎಲ್ಲಿ ನೋಡಿದರು. ಕೊನೆಯ ಕರೆ ಯಾರಿಗೆ ಹೋಯಿತು. ಹಣ, ಜಾಗ, ಮದುವೆ, ಉದ್ಯೋಗದ ತಕರಾರು ಇತ್ತೇ. ಶವದ ಮೇಲೆ ಕಂಡ ಯಾವ ಗುರುತು ಪೊಲೀಸರು ಹೇಳುವ ಕಾರಣಕ್ಕೆ ಹೊಂದುವುದಿಲ್ಲ. ಇಷ್ಟು ಸ್ಪಷ್ಟವಾಗಿದ್ದರೆ ಸಾಕು. ಕಣ್ಣಾರೆ ಕಂಡದ್ದನ್ನೂ ಇತರರಿಂದ ಕೇಳಿದ್ದನ್ನೂ ಬೇರೆಬೇರೆಯಾಗಿ ಬರೆಯಬೇಕು, ಏಕೆಂದರೆ ಮುಂದೆ ಪ್ರಮಾಣಪತ್ರದಲ್ಲಿ (ಅಫಿಡವಿಟ್) ಇದೇ ಮಾತುಗಳಿಗೆ ನೀವು ಬದ್ಧರಾಗಬೇಕಾಗುತ್ತದೆ. ವಿದ್ಯುನ್ಮಾನ ರೂಪದಲ್ಲಿಯೂ ದೂರು ಕೊಡಬಹುದು, ಆದರೆ ಮೂರು ದಿನಗಳೊಳಗೆ ಠಾಣೆಗೆ ಹೋಗಿ ಸಹಿ ಹಾಕಬೇಕು.

ದೂರಿನಲ್ಲಿ ಸಂಜ್ಞೇಯ ಅಪರಾಧ (ಪೊಲೀಸರು ನ್ಯಾಯಾಲಯದ ಆದೇಶವಿಲ್ಲದೆ ತನಿಖೆ ಮಾಡಬಹುದಾದ ಅಪರಾಧ) ಕಂಡುಬಂದರೆ ಎಫ್‌ಐಆರ್ ದಾಖಲಿಸುವುದು ಕಡ್ಡಾಯ ಎಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2013ರ ಲಲಿತಾ ಕುಮಾರಿ ತೀರ್ಪಿನಲ್ಲಿ ಹೇಳಿದೆ. ಹೊಸ ಸಂಹಿತೆ 14 ದಿನಗಳ ಪ್ರಾಥಮಿಕ ವಿಚಾರಣೆಗೆ ಅವಕಾಶ ಕೊಟ್ಟಿರುವುದು 3 ವರ್ಷದಿಂದ ಮೇಲ್ಪಟ್ಟು 7 ವರ್ಷಕ್ಕಿಂತ ಕಡಿಮೆ ಶಿಕ್ಷೆಯ ಅಪರಾಧಗಳಿಗೆ ಮಾತ್ರ. ಕೊಲೆ, ವರದಕ್ಷಿಣೆ ಸಾವು, ಆತ್ಮಹತ್ಯೆಗೆ ಪ್ರಚೋದನೆ ಆ ಅವಕಾಶದೊಳಗೆ ಬರುವುದಿಲ್ಲ. ‘ಪಿ.ಎಂ. ರಿಪೋರ್ಟ್ ಬರಲಿ, ಆಮೇಲೆ ನೋಡೋಣ’ ಎಂಬ ಉತ್ತರ ಸಿಕ್ಕರೆ ಅದನ್ನು ಬಾಯಿಮಾತಿನಲ್ಲಿ ಬಿಡದೆ ಹಿಂಬರಹವಾಗಿ (ಠಾಣೆಯ ಲಿಖಿತ ಉತ್ತರವಾಗಿ) ಕೇಳಿರಿ. ಹಿಂಬರಹ ಕೊಡಲು ಹಿಂಜರಿದರೆ ನೋಂದಾಯಿತ ಅಂಚೆಯಲ್ಲಿ ದೂರನ್ನು ಕಳುಹಿಸಿ ರಶೀದಿಯನ್ನು ಇಟ್ಟುಕೊಳ್ಳಿ. ಮುಂದಿನ ಹೆಜ್ಜೆಗೆ ಈ ಕಾಗದವೇ ಆಧಾರ.

ಮ್ಯಾಜಿಸ್ಟ್ರೇಟರ ಬಾಗಿಲು: 175ನೇ ಕಲಮಿನ 3ನೇ ಉಪಕಲಂ

ಠಾಣೆಯವರು ಎಫ್‌ಐಆರ್ ದಾಖಲಿಸದಿದ್ದರೆ ದೂರಿನ ಸಾರಾಂಶವನ್ನು ಲಿಖಿತವಾಗಿ ಪೊಲೀಸ್ ವರಿಷ್ಠಾಧಿಕಾರಿಗೆ ಕಳುಹಿಸಬೇಕು. ಮಂಗಳೂರು ನಗರ ಕಮಿಷನರೇಟ್ ವ್ಯಾಪ್ತಿಯಲ್ಲಿ ಅದು ಪೊಲೀಸ್ ಆಯುಕ್ತರ ಕಚೇರಿಗೆ ಹೋಗುತ್ತದೆ. ಬಂಟ್ವಾಳ, ಪುತ್ತೂರು, ಬೆಳ್ತಂಗಡಿ, ಸುಳ್ಯ ಕಡೆಯವರು ದಕ್ಷಿಣ ಕನ್ನಡ ಎಸ್‌ಪಿಗೆ, ಉಡುಪಿ, ಕುಂದಾಪುರ, ಕಾರ್ಕಳ ಕಡೆಯವರು ಉಡುಪಿ ಎಸ್‌ಪಿಗೆ ಬರೆಯಬೇಕು. ಅಲ್ಲಿಯೂ ಕ್ರಮವಾಗದಿದ್ದರೆ ಆ ಠಾಣೆಯ ಮೇಲೆ ಅಧಿಕಾರವಿರುವ ಜೆಎಂಎಫ್‌ಸಿ ನ್ಯಾಯಾಲಯಕ್ಕೆ ಅರ್ಜಿ ಸಲ್ಲಿಸಬಹುದು. ಈ ಎರಡು ಮೆಟ್ಟಿಲುಗಳನ್ನು ಹಾರಿ ನೇರವಾಗಿ ನ್ಯಾಯಾಲಯಕ್ಕೆ ಹೋದ ಅರ್ಜಿಗಳು ಆ ಒಂದೇ ಕಾರಣಕ್ಕೆ ಬಿದ್ದುಹೋಗುವ ಸಂಭವ ಹೆಚ್ಚು.

ಅರ್ಜಿಯ ಜತೆ ದೂರುದಾರರು ಪ್ರಮಾಣಪತ್ರವನ್ನು ಲಗತ್ತಿಸಲೇಬೇಕು. 2015ರ ಪ್ರಿಯಾಂಕಾ ಶ್ರೀವಾಸ್ತವ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ವಿಧಿಸಿದ್ದ ಈ ಷರತ್ತು ಈಗ ಸಂಹಿತೆಯ ಭಾಗವೇ ಆಗಿದೆ. ಮ್ಯಾಜಿಸ್ಟ್ರೇಟರು ಅಗತ್ಯವೆನಿಸಿದ ವಿಚಾರಣೆ ನಡೆಸಿ, ಪೊಲೀಸರ ಅಭಿಪ್ರಾಯವನ್ನೂ ಕೇಳಿದ ಮೇಲೆ ಆದೇಶ ಮಾಡುತ್ತಾರೆ. ಸುಳ್ಳು ಪ್ರಮಾಣಪತ್ರ ಸ್ವತಃ ಅಪರಾಧ ಎಂಬುದನ್ನು ಮರೆಯಬಾರದು; ಕೋಪದಲ್ಲಿ ಸೇರಿಸಿದ ಒಂದು ಹೆಸರು ಇಡೀ ಅರ್ಜಿಯ ವಿಶ್ವಾಸಾರ್ಹತೆಯನ್ನು ಕೆಡಿಸಬಲ್ಲದು.

ಅರ್ಜಿಯಲ್ಲಿ ‘ಸೂಕ್ತ ಕ್ರಮ ಕೈಗೊಳ್ಳಬೇಕು’ ಎಂದಷ್ಟೇ ಕೇಳಿ ನಿಲ್ಲಿಸಬೇಡಿ. ಎಫ್‌ಐಆರ್ ದಾಖಲಿಸಿ ತನಿಖೆ ನಡೆಸಲು ನಿರ್ದೇಶನ ಕೋರುವುದರ ಜತೆಗೆ, ನಾಶವಾಗುವ ಸಾಧ್ಯತೆಯಿರುವ ಸಾಕ್ಷ್ಯಗಳನ್ನು ಹೆಸರಿಸಿ ಕಾಪಾಡಲು ಕೋರಬೇಕು. ಅಂಗಡಿ, ಲಾಡ್ಜ್, ಬಸ್ ನಿಲ್ದಾಣ, ಟೋಲ್‌ಗೇಟಿನ ಸಿಸಿಟಿವಿ ದೃಶ್ಯಗಳು ಕೆಲವೇ ವಾರಗಳಲ್ಲಿ, ಕೆಲವೆಡೆ ಅದಕ್ಕೂ ಮೊದಲೇ, ಹೊಸ ದೃಶ್ಯಗಳ ಕೆಳಗೆ ಅಳಿಸಿಹೋಗುತ್ತವೆ. ದಾಖಲೆ ಅಥವಾ ವಿದ್ಯುನ್ಮಾನ ಸಾಧನವನ್ನು ಹಾಜರುಪಡಿಸುವಂತೆ ಆದೇಶಿಸುವ ಅಧಿಕಾರ 94ನೇ ಕಲಮಿನಲ್ಲಿದೆ. ನಿಮ್ಮ ಕೈಯಲ್ಲೇ ಇರುವ ವಾಟ್ಸ್ಆ್ಯಪ್ ಸಂದೇಶ, ಧ್ವನಿಮುದ್ರಣಗಳ ವಿಷಯದಲ್ಲಿ ಮೂಲ ಫೋನನ್ನು ಹಾಗೆಯೇ ಇಟ್ಟುಕೊಳ್ಳಿ. ಅದರ ಪ್ರತಿಯನ್ನು ಸಾಕ್ಷ್ಯವಾಗಿ ಹಾಜರುಪಡಿಸಲು ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ದೃಢೀಕರಣ ಪತ್ರ ಬೇಕಾಗುತ್ತದೆ.

ಇಲ್ಲಿ ಒಂದು ಕವಲುದಾರಿ ಇದೆ, ಅದನ್ನು ವಕೀಲರೊಂದಿಗೆ ಕುಳಿತು ಸರಿಯಾಗಿ ಚರ್ಚಿಸಬೇಕು. ಮ್ಯಾಜಿಸ್ಟ್ರೇಟರು ಪೊಲೀಸ್ ತನಿಖೆಗೆ ಆದೇಶಿಸುವ ಬದಲು ನಿಮ್ಮ ಅರ್ಜಿಯನ್ನು 223ನೇ ಕಲಮಿನ ಖಾಸಗಿ ದೂರಾಗಿ ಪರಿಗಣಿಸಿ ಪ್ರಮಾಣಿತ (ಪ್ರಮಾಣ ಮಾಡಿ ಕೊಡುವ) ಹೇಳಿಕೆಗೆ ದಿನ ಕೊಡಬಹುದು. ಆಗ ಸಾಕ್ಷಿಗಳನ್ನು ತರುವ ಹೊರೆ ಕುಟುಂಬದ ತಲೆಯ ಮೇಲೆ ಬೀಳುತ್ತದೆ. ಅಷ್ಟೇ ಅಲ್ಲದೆ, ಕೊಲೆಯಂಥ, ಸೆಷನ್ಸ್ ನ್ಯಾಯಾಲಯವೇ ವಿಚಾರಣೆ ನಡೆಸಬೇಕಾದ ಅಪರಾಧದಲ್ಲಿ, ಆ ಹಂತ ದಾಟಿದ ಮೇಲೆ 225ನೇ ಕಲಮಿನಡಿ ಪೊಲೀಸರಿಂದ ತನಿಖೆ ಮಾಡಿಸಲು ಅವಕಾಶವಿಲ್ಲ. ದೂರುದಾರರ ಎಲ್ಲ ಸಾಕ್ಷಿಗಳನ್ನೂ ಮ್ಯಾಜಿಸ್ಟ್ರೇಟರೇ ವಿಚಾರಿಸಬೇಕಾಗುತ್ತದೆ. ಕರೆ ವಿವರ, ರಾಸಾಯನಿಕ ಪರೀಕ್ಷೆ, ಶೋಧನೆ ಇವೆಲ್ಲ ಮನೆಯವರಿಂದ ಆಗುವ ಕೆಲಸಗಳಲ್ಲ. ಆದ್ದರಿಂದ ಅನುಮಾನಾಸ್ಪದ ಸಾವಿನಲ್ಲಿ ತನಿಖೆಯ ಆದೇಶವೇ ಏಕೆ ಬೇಕು, ಪೊಲೀಸರಿಂದ ಮಾತ್ರ ಸಂಗ್ರಹಿಸಲು ಸಾಧ್ಯವಾದ ಸಾಕ್ಷ್ಯ ಯಾವುದು ಎಂಬುದನ್ನು ಅರ್ಜಿಯಲ್ಲಿಯೇ ವಿವರಿಸುವುದು ಜಾಣತನ. ಅರ್ಜಿ ತಿರಸ್ಕೃತವಾದರೆ ಸೆಷನ್ಸ್ ನ್ಯಾಯಾಲಯಕ್ಕೆ 90 ದಿನಗಳೊಳಗೆ ಪುನರ್ ಪರಿಶೀಲನಾ ಅರ್ಜಿ ಸಲ್ಲಿಸಬಹುದು.

ತನಿಖೆ ನಡೆಯುತ್ತಿರುವಾಗ ಕೇಳಬಹುದಾದದ್ದು, ಕೇಳಬಾರದ್ದು

ಎಫ್‌ಐಆರ್ ಆದೊಡನೆ ಕೆಲಸ ಮುಗಿಯಿತೆಂದು ಕುಳಿತರೆ ಕಡತವೂ ಕುಳಿತುಕೊಳ್ಳುತ್ತದೆ. ತನಿಖೆಯ ಪ್ರಗತಿಯನ್ನು 90 ದಿನಗಳೊಳಗೆ ದೂರುದಾರರಿಗೆ ಅಥವಾ ಸಂತ್ರಸ್ತರಿಗೆ ತಿಳಿಸಬೇಕೆಂದು 193ನೇ ಕಲಂ ಈಗ ತನಿಖಾಧಿಕಾರಿಯ ಮೇಲೆ ಹೊಣೆ ಹೊರಿಸಿದೆ. ಆ ದಿನವನ್ನು ಕ್ಯಾಲೆಂಡರಿನಲ್ಲಿ ಗುರುತಿಸಿಡಿ, ದಾಟಿದರೆ ಲಿಖಿತವಾಗಿ ಕೇಳಿ.

ತನಿಖೆ ಸರಿಯಾಗಿ ನಡೆಯುತ್ತಿಲ್ಲವೆಂದಾದರೆ ಮತ್ತೆ ಅದೇ ಮ್ಯಾಜಿಸ್ಟ್ರೇಟರ ಬಳಿಗೆ ಹೋಗಬಹುದು. 2007ರ ಸಕಿರಿ ವಾಸು ತೀರ್ಪಿನ ಪ್ರಕಾರ, ತನಿಖೆಗೆ ಆದೇಶಿಸುವ ಅಧಿಕಾರದೊಳಗೆ ಅದು ಸರಿಯಾಗಿ ನಡೆಯುವಂತೆ ನಿಗಾ ಇಡುವ ಅಧಿಕಾರವೂ ಅಡಕವಾಗಿದೆ. ಆ ತೀರ್ಪನ್ನು ಉಲ್ಲೇಖಿಸಿ, ಪ್ರಗತಿ ವರದಿ ತರಿಸಿಕೊಳ್ಳಬೇಕು, ವಿಧಿವಿಜ್ಞಾನ ಪ್ರಯೋಗಾಲಯಕ್ಕೆ ಮಾದರಿ ಯಾವಾಗ ಹೋಯಿತು ಎಂಬುದನ್ನು ತಿಳಿಸುವಂತೆ ಸೂಚಿಸಬೇಕು, ಇಂಥ ಸಾಕ್ಷಿಯ ಹೇಳಿಕೆಯನ್ನು ದಾಖಲಿಸಬೇಕು ಎಂಬ ನಿರ್ದಿಷ್ಟ ಕೋರಿಕೆಗಳೊಂದಿಗೆ ಅರ್ಜಿ ಹಾಕಬಹುದು. ಒತ್ತಡಕ್ಕೆ ಸಿಲುಕಿ ಮಾತು ಬದಲಿಸಬಹುದಾದ ಸಾಕ್ಷಿಯಿದ್ದರೆ ಆತನ ಹೇಳಿಕೆಯನ್ನು 183ನೇ ಕಲಮಿನಡಿ ಮ್ಯಾಜಿಸ್ಟ್ರೇಟರ ಮುಂದೆಯೇ ದಾಖಲಿಸುವುದು ಹೆಚ್ಚು ಭದ್ರ. 192ನೇ ಕಲಮಿನಡಿ ಕೇಸ್ ಡೈರಿಯನ್ನು (ತನಿಖಾಧಿಕಾರಿಯ ತನಿಖಾ ದಿನಚರಿ) ನ್ಯಾಯಾಲಯ ತರಿಸಿ ನೋಡಬಹುದು. ಅದರ ಪ್ರತಿ ನಿಮಗೆ ಸಿಗದಿದ್ದರೂ, ನ್ಯಾಯಾಧೀಶರು ಅದನ್ನು ಕೇಳಿದರೆಂಬ ಸುದ್ದಿಯೇ ಎಷ್ಟೋ ಬಾರಿ ಕಡತಕ್ಕೆ ಕಾಲು ಬರಿಸುತ್ತದೆ. ಶೋಧನೆ ಮತ್ತು ಜಪ್ತಿಯನ್ನು ಚಿತ್ರೀಕರಿಸಿ ಆ ಮುದ್ರಿಕೆಯನ್ನು ವಿಳಂಬವಿಲ್ಲದೆ ನ್ಯಾಯಾಲಯಕ್ಕೆ ಕಳುಹಿಸಬೇಕೆಂದು 105ನೇ ಕಲಂ ಹೇಳುವುದರಿಂದ, ಅದು ತಲುಪಿದೆಯೇ ಎಂದೂ ವಿಚಾರಿಸಬಹುದು.

ಇದಕ್ಕೊಂದು ಎಲ್ಲೆಯೂ ಇದೆ. ಇಂಥವರನ್ನು ಬಂಧಿಸಿ, ಇಂಥ ಅಭಿಪ್ರಾಯದ ವರದಿಯನ್ನೇ ಸಲ್ಲಿಸಿ ಎಂದು ಮ್ಯಾಜಿಸ್ಟ್ರೇಟರು ಪೊಲೀಸರಿಗೆ ಹೇಳುವಂತಿಲ್ಲ. ದೋಷಾರೋಪಣ ಪಟ್ಟಿ ಸಲ್ಲಿಸಲೇಬೇಕೆಂದು ಆದೇಶಿಸುವ ಅಧಿಕಾರ ಅವರಿಗಿಲ್ಲ ಎಂದು ಅಭಿನಂದನ್ ಝಾ ಪ್ರಕರಣದಲ್ಲಿ 1967ರಲ್ಲಿಯೇ ತೀರ್ಮಾನವಾಗಿದೆ. ಸಿಬಿಐ ತನಿಖೆಗೆ ಆದೇಶಿಸುವ ಅಧಿಕಾರವೂ ಮ್ಯಾಜಿಸ್ಟ್ರೇಟರಿಗಿಲ್ಲ.

‘ಬಿ’ ರಿಪೋರ್ಟ್ ಬಂದಾಗ

ಸಾಕ್ಷ್ಯವಿಲ್ಲ ಅಥವಾ ದೂರು ಸತ್ಯಕ್ಕೆ ದೂರ ಎಂದು ಪೊಲೀಸರು ಸಲ್ಲಿಸುವ ಅಂತಿಮ ವರದಿಗೆ ಕರ್ನಾಟಕದಲ್ಲಿ ‘ಬಿ’ ರಿಪೋರ್ಟ್ ಎನ್ನುತ್ತಾರೆ, ಅಪರಾಧ ನಡೆದಿದೆ ಆದರೆ ಮಾಡಿದವರು ಪತ್ತೆಯಾಗಿಲ್ಲ ಎಂಬ ವರದಿಗೆ ‘ಸಿ’ ರಿಪೋರ್ಟ್ ಎನ್ನುತ್ತಾರೆ. ಇಲ್ಲಿ ನ್ಯಾಯಾಲಯದ ಮೇಲ್ವಿಚಾರಣೆ ಅತ್ಯಂತ ಗಟ್ಟಿಯಾಗಿದೆ, ಆದರೆ ಕುಟುಂಬಗಳು ಕೈಚೆಲ್ಲುವುದೂ ಇಲ್ಲಿಯೇ. ಪ್ರಕರಣ ಮುಚ್ಚುವ ವರದಿಯನ್ನು ಒಪ್ಪಿಕೊಳ್ಳುವ ಮುನ್ನ ದೂರುದಾರರಿಗೆ ನೋಟಿಸ್ ಕೊಟ್ಟು ಅವರ ಮಾತನ್ನು ಕೇಳಲೇಬೇಕೆಂದು 1985ರ ಭಗವಂತ್ ಸಿಂಗ್ ತೀರ್ಪು ಹೇಳಿದೆ. ಆ ನೋಟಿಸ್ ಹಳೆಯ ವಿಳಾಸಕ್ಕೆ ಹೋಗಿ ವಾಪಸಾದರೆ ಅವಕಾಶ ತಪ್ಪುತ್ತದೆ. ಮನೆ ಬದಲಾಯಿಸಿದ್ದರೆ, ಮುಂಬಯಿಗೋ ಗಲ್ಫಿಗೋ ಹೋಗುವುದಿದ್ದರೆ, ಹೊಸ ವಿಳಾಸವನ್ನು ಠಾಣೆಗೂ ನ್ಯಾಯಾಲಯಕ್ಕೂ ಬರೆದು ತಿಳಿಸಿ.

ನೋಟಿಸ್ ಬಂದೊಡನೆ ‘ಬಿ’ ರಿಪೋರ್ಟ್ ಮತ್ತು ಅದರೊಂದಿಗಿನ ಹೇಳಿಕೆ, ಮಹಜರು, ಮರಣೋತ್ತರ ವರದಿ, ಎಫ್‌ಎಸ್‌ಎಲ್ (ವಿಧಿವಿಜ್ಞಾನ ಪ್ರಯೋಗಾಲಯದ) ವರದಿಗಳಿಗೆ ನಕಲು ಅರ್ಜಿ ಹಾಕಿ, ತಕರಾರು ಅರ್ಜಿ ಸಲ್ಲಿಸಲು ಕಾಲಾವಕಾಶ ಕೇಳಿ. ತಕರಾರು ಅರ್ಜಿಯಲ್ಲಿ ದುಃಖವನ್ನು ತೋಡಿಕೊಳ್ಳುವುದಕ್ಕಿಂತ ತನಿಖೆಯ ಲೋಪಗಳನ್ನು ತೋರಿಸುವುದು ಮುಖ್ಯ. ಹೆಸರಿಸಿದ್ದರೂ ವಿಚಾರಿಸದ ಸಾಕ್ಷಿ, ತರಿಸದ ಕರೆ ವಿವರ, ಪ್ರಯೋಗಾಲಯಕ್ಕೆ ಕಳುಹಿಸದ ಬಟ್ಟೆ, ಶವ ಮಹಜರಿನಲ್ಲಿದ್ದು ಮರಣೋತ್ತರ ವರದಿಯಲ್ಲಿ ಇಲ್ಲದ ಗಾಯ, ಸಾವಿನ ಸಮಯಕ್ಕೂ ಕೊನೆಯ ಊಟದ ಸಮಯಕ್ಕೂ ಇರುವ ಅಂತರ — ಇಂಥವನ್ನು ಪುಟ ಸಂಖ್ಯೆಯೊಂದಿಗೆ ಎದುರಿಗಿಟ್ಟರೆ ನ್ಯಾಯಾಧೀಶರು ಅವುಗಳಿಗೆ ಆದೇಶದಲ್ಲಿ ಉತ್ತರಿಸಬೇಕಾಗುತ್ತದೆ. ‘ಬಿ’ ರಿಪೋರ್ಟಿನ ಬಗ್ಗೆ ಮೊದಲು ಮನಸ್ಸಿಟ್ಟು ಪರಿಶೀಲಿಸಿ ತೀರ್ಮಾನಿಸದೆ, ನೇರವಾಗಿ ಪ್ರಮಾಣಿತ ಹೇಳಿಕೆ ದಾಖಲಿಸಲು ಹೊರಡುವುದು ಸರಿಯಲ್ಲ ಎಂದು ಕರ್ನಾಟಕ ಹೈಕೋರ್ಟ್ ಡಾ. ರವಿಕುಮಾರ್ ಪ್ರಕರಣದಲ್ಲಿ ಹೇಳಿದೆ; ನಮ್ಮ ಜಿಲ್ಲೆಗಳ ನ್ಯಾಯಾಲಯಗಳಲ್ಲಿಯೂ ಇದೇ ಕ್ರಮ.

ಮ್ಯಾಜಿಸ್ಟ್ರೇಟರು ವರದಿಯನ್ನು ಒಪ್ಪಬಹುದು, ತಿರಸ್ಕರಿಸಿ ಇರುವ ಸಾಕ್ಷ್ಯದ ಮೇಲೆಯೇ ಪ್ರಕರಣವನ್ನು ವಿಚಾರಣೆಗೆ ಅಂಗೀಕರಿಸಬಹುದು ಅಥವಾ ಹೆಚ್ಚಿನ ತನಿಖೆಗೆ ಆದೇಶಿಸಬಹುದು. ಈ ಮೂರನೆಯ ಅಧಿಕಾರ ದೋಷಾರೋಪ ಹೊರಿಸುವವರೆಗೂ ಉಳಿದಿರುತ್ತದೆ ಎಂಬುದು 2019ರ ವಿನೂಭಾಯಿ ಮಾಳವೀಯ ತೀರ್ಪು.

ಇಡೀ ಏಣಿಯನ್ನು ಒಂದೇ ಪ್ರಕರಣದಲ್ಲಿ ನೋಡಬೇಕೆಂದರೆ, ಮಂಗಳೂರಿನ ಪಶ್ಚಿಮ ವಲಯ ಐಜಿಪಿ ಕಚೇರಿಯಲ್ಲಿದ್ದ ಡಿವೈಎಸ್‌ಪಿ ಎಂ.ಕೆ. ಗಣಪತಿ ಅವರ ಸಾವನ್ನು ನೆನೆಯಬಹುದು. 2016ರ ಜುಲೈನಲ್ಲಿ ಮಡಿಕೇರಿಯ ಲಾಡ್ಜ್ ಒಂದರಲ್ಲಿ ಅವರು ಮೃತಪಟ್ಟರು. ಮಗನ ಅರ್ಜಿಯ ಮೇಲೆ ಮಡಿಕೇರಿಯ ಮ್ಯಾಜಿಸ್ಟ್ರೇಟ್ ನ್ಯಾಯಾಲಯ ಎಫ್‌ಐಆರ್‌ಗೆ ಆದೇಶಿಸಿತು, ಸಿಐಡಿ ‘ಬಿ’ ರಿಪೋರ್ಟ್ ಸಲ್ಲಿಸಿತು, ಕುಟುಂಬ ಸುಪ್ರೀಂ ಕೋರ್ಟಿನವರೆಗೆ ಹೋಯಿತು, 2017ರ ಸೆಪ್ಟೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ತನಿಖೆಯನ್ನು ಸಿಬಿಐಗೆ ಒಪ್ಪಿಸಿತು, ಎರಡು ವರ್ಷಗಳ ನಂತರ ಸಿಬಿಐ ಕೂಡ ಪ್ರಕರಣ ಮುಚ್ಚುವ ವರದಿಯನ್ನೇ ಸಲ್ಲಿಸಿತು. ಮೇಲ್ವಿಚಾರಣೆ ಕೇಳುವವರು ಈ ಸಾಧ್ಯತೆಗೂ ಸಿದ್ಧರಿರಬೇಕು. ನ್ಯಾಯಾಲಯ ತನಿಖೆಯನ್ನು ಮಾಡಿಸಬಲ್ಲದು, ತನಿಖೆಯ ಫಲ ನಾವು ಎಣಿಸಿದಂತೆಯೇ ಬರುತ್ತದೆ ಎಂದು ಭರವಸೆ ಕೊಡಲಾರದು.

ಬೇರೆ ನಿಯಮಗಳಿರುವ ಎರಡು ಬಗೆಯ ಸಾವು

ಮದುವೆಯಾಗಿ 7 ವರ್ಷದೊಳಗೆ ಮಹಿಳೆ ಆತ್ಮಹತ್ಯೆ ಮಾಡಿಕೊಂಡರೆ ಅಥವಾ ಅನುಮಾನಾಸ್ಪದವಾಗಿ ಮೃತಪಟ್ಟರೆ ಮರಣೋತ್ತರ ಪರೀಕ್ಷೆಯ ಜತೆಗೆ ದಂಡಾಧಿಕಾರಿಯ ವಿಚಾರಣೆಯೂ ಕಡ್ಡಾಯ. ತಹಸೀಲ್ದಾರರೋ ಎ.ಸಿ.ಯವರೋ ತವರಿನವರ ಹೇಳಿಕೆ ಪಡೆಯುವಾಗ ಹೇಳಿದ್ದು, ಹೇಳದೆ ಉಳಿದದ್ದು ಎರಡೂ ಮುಂದೆ ವಿಚಾರಣೆಯಲ್ಲಿ ಪ್ರಶ್ನೆಯಾಗುವುದರಿಂದ, ಮದುವೆಯ ದಿನಾಂಕ, ಕೊಟ್ಟ ಚಿನ್ನ, ಬಂದ ಕರೆಗಳ ವಿವರವನ್ನು ಮೊದಲೇ ಬರೆದಿಟ್ಟುಕೊಂಡು ಹೋಗುವುದು ಒಳ್ಳೆಯದು.

ಪೊಲೀಸ್ ವಶದಲ್ಲಿ ಅಥವಾ ನ್ಯಾಯಾಂಗ ಬಂಧನದಲ್ಲಿ ಸಾವು ಸಂಭವಿಸಿದರೆ ಪೊಲೀಸ್ ತನಿಖೆಯ ಜತೆಗೆ ನ್ಯಾಯಿಕ ಮ್ಯಾಜಿಸ್ಟ್ರೇಟರೇ ವಿಚಾರಣೆ ನಡೆಸಬೇಕೆಂದು 196ನೇ ಕಲಮಿನ 2ನೇ ಉಪಕಲಂ ಹೇಳುತ್ತದೆ. ಅಸಹಜ ಸಾವಿನ ವಿಷಯದಲ್ಲಿ ನ್ಯಾಯಾಂಗ ಮೊದಲ ದಿನದಿಂದಲೇ ಒಳಗಿರುವುದು ಇಲ್ಲಿ ಮಾತ್ರ. 24 ಗಂಟೆಗಳೊಳಗೆ ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗಕ್ಕೂ ವರದಿ ಹೋಗಬೇಕು. ಠಾಣೆಯ ಸಿಸಿಟಿವಿ ದೃಶ್ಯಗಳನ್ನು ಕನಿಷ್ಠ ಒಂದು ವರ್ಷ ಇಡಬೇಕೆಂದು ಸುಪ್ರೀಂ ಕೋರ್ಟ್ 2020ರ ಪರಮ್‌ವೀರ್ ಸಿಂಗ್ ಸೈನಿ ಪ್ರಕರಣದಲ್ಲಿ ನಿರ್ದೇಶಿಸಿದೆ. ಅವನ್ನು ಉಳಿಸಿಡುವಂತೆ ಮೊದಲ ವಾರದಲ್ಲೇ ಅರ್ಜಿ ಹಾಕಬೇಕು.

ಹೈಕೋರ್ಟಿಗೆ ಯಾವಾಗ ಹೋಗಬೇಕು

ನಮ್ಮ ಎರಡೂ ಜಿಲ್ಲೆಗಳು ಬೆಂಗಳೂರಿನ ಪ್ರಧಾನ ಪೀಠದ ವ್ಯಾಪ್ತಿಯಲ್ಲಿವೆ. ಸಂವಿಧಾನದ 226ನೇ ವಿಧಿಯ ರಿಟ್ ಅರ್ಜಿ, ಸಂಹಿತೆಯ 528ನೇ ಕಲಮಿನ ಅರ್ಜಿ ಎರಡೂ ಅಲ್ಲಿಯೇ. ಎಫ್‌ಐಆರ್ ದಾಖಲಿಸಲಿಲ್ಲ ಎಂಬುದಷ್ಟೇ ದೂರಾದರೆ ಮೊದಲು ಮ್ಯಾಜಿಸ್ಟ್ರೇಟರ ಬಳಿಗೆ ಹೋಗಿ ಎಂದೇ ಹೈಕೋರ್ಟ್ ಹೇಳುವ ಸಂಭವ ಹೆಚ್ಚು. ಸುಧೀರ್ ತಾಂಬೆ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಖಚಿತಪಡಿಸಿದೆ. ಎರಡನೇ ಮರಣೋತ್ತರ ಪರೀಕ್ಷೆ, ತನಿಖಾ ಸಂಸ್ಥೆಯ ಬದಲಾವಣೆ, ವಿಶೇಷ ತನಿಖಾ ತಂಡ, ಸಿಬಿಐ ತನಿಖೆ ಇಂಥ ಬೇಡಿಕೆಗಳಿಗೆ ಹೈಕೋರ್ಟ್ ಸರಿಯಾದ ಜಾಗ. 2024ರ ಸೆಪ್ಟೆಂಬರ್‌ನಲ್ಲಿ ಕರ್ನಾಟಕ ಸರ್ಕಾರ ಸಿಬಿಐಗೆ ಕೊಟ್ಟಿದ್ದ ಸಾಮಾನ್ಯ ಒಪ್ಪಿಗೆಯನ್ನು ಹಿಂಪಡೆದಿದ್ದರೂ, ಹೈಕೋರ್ಟ್ ಆದೇಶಿಸಿದರೆ ರಾಜ್ಯದ ಒಪ್ಪಿಗೆ ಬೇಕಿಲ್ಲ ಎಂಬ 2010ರ ಸಂವಿಧಾನ ಪೀಠದ ತೀರ್ಪು ಹಾಗೆಯೇ ಉಳಿದಿದೆ.

ಆದರೆ ಸಂಸ್ಥೆ ಬದಲಾದರೆ ಸಾಕ್ಷ್ಯ ಮರಳಿ ಬರುತ್ತದೆ ಎಂದು ನಂಬಬಾರದು. 2012ರಲ್ಲಿ ಬೆಳ್ತಂಗಡಿ ತಾಲೂಕಿನಲ್ಲಿ ನಡೆದ ವಿದ್ಯಾರ್ಥಿನಿಯ ಅತ್ಯಾಚಾರ ಮತ್ತು ಕೊಲೆಯ ಪ್ರಕರಣ ಸ್ಥಳೀಯ ಪೊಲೀಸರಿಂದ ಸಿಐಡಿಗೆ, ಅಲ್ಲಿಂದ ಸಿಬಿಐಗೆ ಹೋಯಿತು. 2023ರ ಜೂನ್‌ನಲ್ಲಿ ಸಿಬಿಐ ವಿಶೇಷ ನ್ಯಾಯಾಲಯ ಇದ್ದ ಒಬ್ಬ ಆರೋಪಿಯನ್ನು ಖುಲಾಸೆಗೊಳಿಸಿತು. ಅಂದಿನಿಂದ ಮರುತನಿಖೆಗೆ ಎದ್ದ ಕೂಗು ಇಲ್ಲಿ ಎಲ್ಲರಿಗೂ ಗೊತ್ತು. ಮೊದಲ ದಿನಗಳಲ್ಲಿ ಸಂಗ್ರಹವಾಗದೆ ಹೋದದ್ದನ್ನು 11 ವರ್ಷಗಳ ನಂತರ ಯಾವ ಪೀಠವೂ ಸೃಷ್ಟಿಸಲಾರದು.

ಖರ್ಚು, ಕಾಗದ, ನೆರವು

ಯುಡಿಆರ್ ಕಡತದ ಪ್ರತಿಗಳನ್ನು ಠಾಣೆಯಿಂದ ಅಥವಾ ತಾಲೂಕು ಕಚೇರಿಯಿಂದ ಲಿಖಿತವಾಗಿ ಕೇಳಬೇಕು, ಸಿಗದಿದ್ದರೆ ಮಾಹಿತಿ ಹಕ್ಕಿನಡಿ ಅರ್ಜಿ ಹಾಕಬೇಕು. ಉತ್ತರಕ್ಕೆ 30 ದಿನಗಳ ಗಡುವಿದೆ. ತನಿಖೆಗೆ ಅಡ್ಡಿಯಾಗುತ್ತದೆ ಎಂಬ ಕಾರಣಕ್ಕೆ ನಿರಾಕರಿಸಬಹುದಾದರೂ, ಮುಕ್ತಾಯಗೊಂಡ ಕಡತಕ್ಕೆ ಆ ಕಾರಣ ಒಪ್ಪುವುದಿಲ್ಲ. ಹಳೆಯ ಕಡತಗಳನ್ನು ನಿಗದಿತ ಅವಧಿಯ ನಂತರ ನಾಶಪಡಿಸುವ ಪದ್ಧತಿ ಇರುವುದರಿಂದ ‘ಮುಂದೆ ನೋಡೋಣ’ ಎಂದು ಬಿಡುವ ಕೆಲಸವಲ್ಲ ಇದು.

ವಕೀಲರ ಶುಲ್ಕಕ್ಕೆ ಹೆದರಿ ಹಿಂದೆ ಸರಿಯಬೇಕಾಗಿಲ್ಲ. ಮಂಗಳೂರು ಮತ್ತು ಉಡುಪಿಯ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಗಳು ಅರ್ಹರಿಗೆ ಉಚಿತವಾಗಿ ವಕೀಲರನ್ನು ಒದಗಿಸುತ್ತವೆ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಮಿನಂತೆ ಮಹಿಳೆಯರು, ಮಕ್ಕಳು, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯದ ಮಿತಿಯೇ ಇಲ್ಲ. ಆದ್ದರಿಂದ ಮೃತರ ತಾಯಿಯೋ ಹೆಂಡತಿಯೋ ಅರ್ಜಿದಾರರಾದರೆ ಆದಾಯ ಪ್ರಮಾಣಪತ್ರಕ್ಕಾಗಿ ನಾಡಕಚೇರಿಗೆ ಅಲೆಯುವ ಕೆಲಸ ತಪ್ಪುತ್ತದೆ. ಸಹಾಯವಾಣಿಯ ಸಂಖ್ಯೆ 15100. ಹೋಗುವಾಗ ಯುಡಿಆರ್ ಅಥವಾ ಎಫ್‌ಐಆರ್ ಪ್ರತಿ, ಕೊಟ್ಟ ದೂರುಗಳು, ಸ್ವೀಕೃತಿ, ಅಂಚೆ ರಶೀದಿ, ಹಿಂಬರಹಗಳನ್ನು ದಿನಾಂಕದ ಕ್ರಮದಲ್ಲಿ ಜೋಡಿಸಿಕೊಂಡು, ಸಾವಿನ ಹಿಂದಿನ ಒಂದು ವಾರದ ಘಟನೆಗಳನ್ನು ಒಂದು ಹಾಳೆಯಲ್ಲಿ ಬರೆದುಕೊಂಡು ಹೋದರೆ ಮೊದಲ ಭೇಟಿಯಲ್ಲೇ ಅರ್ಜಿಯ ಕರಡು ಸಿದ್ಧವಾಗಬಹುದು.